ಜಿಂಜಾದಲ್ಲಿ ಹುಟ್ಟಿದ ಸೋನಾಬಾಯಿ

ಬೋರಗಾಂವದಲ್ಲಿ ಸೋನಾಬಾಯಿಯನ್ನು ಇವತ್ತಿಗೂ ‘ಆಫ್ರಿಕಾದಾಕಿ’ ಎನ್ನುತ್ತಾರೆ. ಹತ್ತು ವರ್ಷದವಳಾಗಿ ಈ ಊರಿಗೆ ಬಂದವಳು, ಇಲ್ಲೇ ಮದುವೆಯಾಗಿ ಮೊಮ್ಮಕ್ಕಳನ್ನು ಕಂಡಿದ್ದಾಳೆ. ಮನೆಯ ಹಿಂದೆ ಮಗ ಮಹಾವೀರನ ಪವರ್‌ಲೂಮ್‌ಗಳು ಓಡುತ್ತವೆ. ಆದರೂ ಆ ಹೆಸರು ಬಿಟ್ಟುಹೋಗಿಲ್ಲ.

ಇದೇ ಊರಿನವನಾದ ಆಕೆಯ ಅಪ್ಪ ನಿಪ್ಪಾಣಿಯ ಗುಜರಾತಿ ತಂಬಾಕು ವ್ಯಾಪಾರಿಯೊಬ್ಬನ ಗುಮಾಸ್ತ. ಆ ವ್ಯಾಪಾರಿಯ ಬೀಗರು ಯುಗಾಂಡಾದ ಜಿಂಜಾ ಊರಿನಲ್ಲಿ ಅಂಗಡಿ ಇಟ್ಟಿದ್ದರು. ಅಲ್ಲಿ ನಂಬಿಗಸ್ತನೊಬ್ಬ ಬೇಕೆಂದಾಗ ಅಪ್ಪ ಹೆಂಡತಿಯೊಂದಿಗೆ ಹಡಗು ಹತ್ತಿದ. ಭೀಮಗೊಂಡ, ಆಮೇಲೆ ಸೋನಾ, ಇಬ್ಬರೂ ಅಲ್ಲೇ ಹುಟ್ಟಿದರು. ಮನೆಯಲ್ಲಿ ಅವ್ವನ ಕನ್ನಡ, ಅಂಗಡಿಯಲ್ಲಿ ಗುಜರಾತಿ. ಅಣ್ಣ ತಂಗಿ ತಮ್ಮೊಳಗೆ ಆಡುತ್ತಿದ್ದದ್ದು ಓಣಿಯ ಮಕ್ಕಳಿಂದ ಕಲಿತ ಸ್ವಾಹಿಲಿ.

೧೯೭೨ರಲ್ಲಿ ಅಲ್ಲಿಯ ಸರ್ವಾಧಿಕಾರಿ, ಏಷ್ಯಾದ ಮಂದಿ ಮೂರು ತಿಂಗಳೊಳಗೆ ದೇಶ ಬಿಡಬೇಕೆಂದು ಅಪ್ಪಣೆ ಮಾಡಿದ. ಅಪ್ಪನ ಬಳಿ, ಯುಗಾಂಡಾ ಬ್ರಿಟಿಷರ ಕೈಯಲ್ಲಿದ್ದಾಗ ಮಾಡಿಸಿದ ಬ್ರಿಟಿಷ್ ಪಾಸ್‌ಪೋರ್ಟ್ ಇತ್ತು, ಮಗನ ಹೆಸರೂ ಅದರಲ್ಲಿತ್ತು. ಅವ್ವನದು ಭಾರತದ್ದು, ಸೋನಾ ಅದರಲ್ಲಿದ್ದಳು. ಒಂದೇ ಮನೆಯವರು ಎರಡು ದೇಶದವರಾದರು. ಊರಿನ ಹಡಗು ಹಿಡಿಯಲು ತಾಯಿ ಮಗಳು ಮೊಂಬಾಸಾ ಬಂದರಿನ ರೈಲು ಹತ್ತಿದಾಗ ಅಪ್ಪ ಕಿಟಕಿಯ ಹತ್ತಿರ ಬಂದ.

“ಊರಾಗ ಒಂದ್ ವರ್ಷ ತಡಕೊ. ಲಂಡನ್‌ದಾಗ ಮನಿ ಮಾಡಿ ಕರಸ್ಕೋತೀನಿ.”

ದಾರಿಯಲ್ಲಿ ಸೈನಿಕರು ರೈಲು ನಿಲ್ಲಿಸಿ ಅವ್ವನ ಮಂಗಳಸೂತ್ರ ಕಿತ್ತುಕೊಂಡರು. ಬೋರಗಾಂವದ ಹೆಂಗಸರು ಆ ಬರಿಗೊರಳು ನೋಡಿ ಗಂಡ ಸತ್ತಿದ್ದಾನೆಂದೇ ತಿಳಿದರು. “ಅದಾರ್ರೀ, ಬರ್ತಾರ,” ಎಂದು ಅವ್ವ ಮನೆಮನೆಗೂ ಹೇಳಬೇಕಾಯಿತು.

ಅಪ್ಪ ಬರಲಿಲ್ಲ. ಇಂಗ್ಲೆಂಡಿನ ಲೆಸ್ಟರ್ ಊರಿನ ಬನಿಯನ್ ಕಾರ್ಖಾನೆಯಲ್ಲಿ ದುಡಿಯುತ್ತ, ಇವರ ವೀಸಾ ಆಗುವ ಮೊದಲೇ ತೀರಿಕೊಂಡ. ಭೀಮಗೊಂಡ ಅದೇ ಕಾರ್ಖಾನೆ ಸೇರಿ, ಗುಜರಾತದಿಂದ ಬಂದ ಹುಡುಗಿಯನ್ನು ಮದುವೆಯಾದ. ಅವ್ವ ತೀರಿದಾಗ ಒಮ್ಮೆ ಊರಿಗೆ ಬಂದ. ಅಷ್ಟರಲ್ಲಿ ಅವನ ಕನ್ನಡ ಸವೆದಿತ್ತು, ಸೋನಾಬಾಯಿಗೆ ಇಂಗ್ಲಿಷ್ ಬಾರದು. ಹಿತ್ತಲಲ್ಲಿ ಇಬ್ಬರೇ ಕೂತಾಗ ಸ್ವಾಹಿಲಿ ತಾನಾಗಿ ಬಾಯಿಗೆ ಬಂತು. ಮೊಬೈಲ್ ಬಂದ ಮೇಲೆ ರವಿವಾರಕ್ಕೊಮ್ಮೆ ಅದೇ ಮಾತು.

“ಅತ್ತಿ, ಫೋನ್‌ದಾಗ ನೀವು ಬ್ಯಾರೇ ಯಾರೋ ಅನಸ್ತೀರಿ,” ಎಂದು ಸೊಸೆ ಕಾಜಲ್ ನಗುತ್ತಿದ್ದಳು.

“ಬ್ಯಾರೇನ ಇದ್ದೆ ನಾ,” ಎನ್ನುತ್ತಿದ್ದಳು ಸೋನಾಬಾಯಿ.

ಎರಡು ವರ್ಷದ ಹಿಂದೆ ಭೀಮಗೊಂಡನಿಗೆ ಮರೆವು ಹತ್ತಿತು. ಮೊದಲು ಇಂಗ್ಲಿಷ್ ಹೋಯಿತು, ಆಮೇಲೆ ಗುಜರಾತಿ. ಒಂದು ದಿನ ಅವನ ಮಗಳು ನೀಲಮ ವಿಡಿಯೊ ಫೋನ್ ಮಾಡಿ, ಪಪ್ಪಾ ಏನೋ ಕೇಳುತ್ತಾರೆ, ನಮಗೆ ತಿಳಿಯುತ್ತಿಲ್ಲ ಎಂದು ಹರಕು ಹಿಂದಿಯಲ್ಲಿ ಅತ್ತಳು. ತೆರೆಯ ಮೇಲೆ ಭೀಮಗೊಂಡ ಕೋಟು ತೊಟ್ಟು ಕೂತಿದ್ದ. ರೈಲು ಹೋಯಿತೇ, ಅವ್ವ ಎಲ್ಲಿ ಎಂದು ಸ್ವಾಹಿಲಿಯಲ್ಲಿ ಕೇಳುತ್ತಿದ್ದ.

‘ಬಾದೊ’ ಎಂದಳು ಸೋನಾಬಾಯಿ. ಇನ್ನೂ ಇಲ್ಲ. ಅವ್ವ ಒಳಗೆ ಬುತ್ತಿ ಕಟ್ಟುತ್ತಿದ್ದಾಳೆ, ನೀನು ಉಂಡು ಬಾ ಎಂದಳು. ಅವನು ಸುಮ್ಮನೆ ಉಂಡ.

ಅಂದಿನಿಂದ ದಿನವೂ ಆ ಫೋನ್, ದಿನವೂ ಅದೇ ಸ್ಟೇಶನ್. ಫೋನಿಟ್ಟ ಮೇಲೆ ಸೋನಾಬಾಯಿ ಗೋಡೆಗೆ ಮುಖ ಮಾಡಿ ಮಲಗುತ್ತಿದ್ದಳು.

“ಅವ್ವಾ, ಹಿಂಗ ದಿನಾ ಅತ್ತರ ಹೆಂಗ? ಒಂದೆರಡ್ ದಿನ ಫೋನ್ ತಗೀಬ್ಯಾಡ,” ಎಂದ ಮಹಾವೀರ.

“ನಾ ತಗೀಲಿಲ್ಲಂದ್ರ ಅಂವಗ ಯಾರ್ ಹೇಳ್ತಾರಪಾ?”

ಹೋದ ಚಳಿಗಾಲದಲ್ಲಿ ಒಂದು ದಿನ ಅವನು ರೈಲಿನ ಸುದ್ದಿ ಕೇಳಲಿಲ್ಲ. ತಂಗಿಯನ್ನೇ ಬಹಳ ಹೊತ್ತು ನೋಡಿ, ನೀನು ರೈಲು ಹತ್ತು, ನಾನು ಅಪ್ಪನ ಜೊತೆ ಬರುತ್ತೇನೆ ಎಂದ. ಇಲ್ಲಿಯವರೆಗೆ ಸಲೀಸಾಗಿ ಸುಳ್ಳು ಹೇಳುತ್ತಿದ್ದವಳು ಆ ದಿನ ಬರೀ ಹೂಂ ಎಂದು ತಲೆಯಾಡಿಸಿದಳು. ಅದೇ ವಾರ ಅವನು ಹೋದ.

ಅಂತ್ಯಕ್ರಿಯೆಯನ್ನು ಮೊಬೈಲಿನಲ್ಲೇ ನೋಡಿದರು. ಪಪ್ಪಾನ ಭಾಷೆಯಲ್ಲಿ ಎರಡು ಮಾತು ಹೇಳಿರೆಂದು ನೀಲಮ ಫೋನನ್ನು ಶವದ ಪೆಟ್ಟಿಗೆಯ ಹತ್ತಿರ ಹಿಡಿದಳು. ಸೋನಾಬಾಯಿ ಬಾಯಿ ತೆರೆದಳು. ಆಕೆಗಿದ್ದದ್ದು ಹತ್ತು ವರ್ಷದ ಹುಡುಗಿಯ ಸ್ವಾಹಿಲಿ: ಬಾ, ಉಣ್ಣು, ಓಡು, ನಿಲ್ಲು. ಸತ್ತವರನ್ನು ಕಳಿಸಿಕೊಡುವ ಮಾತು ಅದರಲ್ಲಿರಲಿಲ್ಲ. ಕೊನೆಗೆ ಕೈಮುಗಿದು ಅವ್ವ ಕಲಿಸಿದ, ಜೈನರ ಣಮೋಕಾರ ಮಂತ್ರ ಹೇಳತೊಡಗಿದಳು. ನಡುವೆ ಆಕೆ ಸೆರಗನ್ನು ಬಾಯಿಗೆ ಒತ್ತಿಕೊಂಡಾಗ, ಪಕ್ಕದಲ್ಲಿ ಕೂತ ಕಾಜಲ್ ಉಳಿದದ್ದನ್ನು ಹೇಳಿ ಮುಗಿಸಿದಳು.