ಇಬ್ಬನಿಗೇರಿಯ ಬಿಳಿ ಹಾಳೆ

ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳನ್ನು ನಾನು ತುಂಬಿದ ಸಭೆಯಲ್ಲಿ, ಮೈಕಿನ ಮುಂದೆ ನಿಂತು, ಕಳ್ಳಿ ಎಂದು ಸಾರಿದೆ. ಅವಳು ಏನನ್ನೂ ಕದ್ದಿರಲಿಲ್ಲ. ಹದಿನೈದು ದಿನ ಕಳೆಯುವುದರೊಳಗೆ ಅದು ನನಗೆ ಖಚಿತವಾಯಿತು. ಖಚಿತವಾದ ಮೇಲೂ ಹನ್ನೊಂದು ವರ್ಷ ಬಾಯಿ ತೆರೆಯಲಿಲ್ಲ.

ಆಲೂರು ಸೀಮೆಯ ಶಾಲೆಯೊಂದರಲ್ಲಿ ಮಕ್ಕಳ ಕಥಾಸ್ಪರ್ಧೆ. ತೀರ್ಪುಗಾರ ನಾನು. ಕಾಲೇಜಿನಲ್ಲಿ ಚರ್ಚಾಪಟುವೆಂದು ಹೆಸರು ಮಾಡಿದವನು; ಎಸ್ಟೇಟ್ ಲೈನುಗಳಲ್ಲಿ, ಎಂದರೆ ಕೂಲಿಯವರ ಸಾಲುಮನೆಗಳಲ್ಲಿ, ಹುಟ್ಟಿದ ಮಕ್ಕಳಿಗೂ ಸಮಾನ ಅವಕಾಶ ಬೇಕೆಂದು ಊರೂರು ತಿರುಗಿ ಮಾತನಾಡುತ್ತಿದ್ದವನು. ಲೈನಿನ ಹುಡುಗಿ ಪವಿತ್ರಾಳ ಕಥೆ ಅಂದು ನನ್ನ ಕೈಗೆ ಬಂತು.

ಇಬ್ಬನಿಗೇರಿ ಎಂಬ ರಾಜ್ಯ. ಅಲ್ಲಿ ಕಾಗದವಿಲ್ಲ. ಮರದ ಮೈಯಿಂದಲೇ ಬಿಳಿ ಹಾಳೆಗಳು ಬೆಳೆಯುತ್ತವೆ. ಕಡ್ಡಿಯಿಂದ ಗೀಚಿದರೆ ಶಾಯಿಯಿಲ್ಲದೆಯೇ ಅಕ್ಷರ ಕಪ್ಪಾಗಿ ಮೂಡುತ್ತದೆ. ಹಾಳೆಗೆ ಜೀವವಿರುವುದರಿಂದ ಬರೆದದ್ದೂ ಅದರೊಡನೆ ಬೆಳೆಯುತ್ತದೆ. ಸುಳ್ಳು ಬರೆದರೆ ಮಾತ್ರ ಬೇಗ ಬೆಳೆದು, ಎದುರಿನ ಗುಡ್ಡದಿಂದಲೂ ಓದುವಷ್ಟು ದೊಡ್ಡದಾಗುತ್ತದೆ. ಅದನ್ನು ರಾಜನೂ ಅಳಿಸಲಾರ. ಬರೆದ ಕೈಯೇ ಬಂದು ಅದರ ಕೆಳಗೆ ನಿಜ ಬರೆಯಬೇಕು.

ಓದಿ ಬೆರಗಾದೆ. ಮರುಕ್ಷಣವೇ — ಇದನ್ನು ಬರೆಯಲು ನನಗೆ ನಾಚಿಕೆಯಾಗುತ್ತಿದೆ — ಲೈನಿನ ಮಗುವಿಗೆ ಇದೆಲ್ಲ ಹೊಳೆಯುವುದುಂಟೆ ಎಂದುಕೊಂಡೆ. ಯಾವುದೋ ಇಂಗ್ಲಿಷ್ ಪುಸ್ತಕದ್ದಿರಬೇಕು. ಅವಳನ್ನು ವೇದಿಕೆಗೆ ಕರೆದು ಪ್ರಶ್ನಿಸಿದೆ. ಎಲ್ಲಿ ಓದಿದೆ? ಯಾರು ಹೇಳಿಕೊಟ್ಟರು? ಅವಳು ತುಟಿ ಬಿಚ್ಚಲಿಲ್ಲ. ಎದುರಾಳಿಯ ಮೌನವನ್ನು ಗೆಲುವೆಂದು ಎಣಿಸಿಯೇ ರೂಢಿಯಾಗಿದ್ದ ನಾನು ಮೈಕಿಗೆ ಬಾಯಿಕೊಟ್ಟು ಹೇಳಿದೆ: "ಇದು ನಿನ್ನದಲ್ಲ. ಕದ್ದ ಕಥೆಗೆ ಬಹುಮಾನವಿಲ್ಲ."

ಎರಡು ವಾರದ ನಂತರ ಅಂಗನವಾಡಿಯ ಬೇಡಿಕೆಪತ್ರಕ್ಕೆ ಸಹಿ ಹಾಕಿಸಲು ಅವಳ ಲೈನಿಗೇ ಹೋದೆ. ಅವಳ ತಂದೆ ಧರ್ಮಪ್ಪ ಕಾಳುಮೆಣಸು ಕೊಯ್ಯುತ್ತಿದ್ದ ಏಣಿ ಇಳಿದು ಬಂದರು. ಸಹಿ ಹಾಕಿ, ಪೆನ್ನು ಹಿಂದಿರುಗಿಸುತ್ತ ಹೇಳಿದರು: "ನಮ್ ಹುಡ್ಗಿ ಕದ್ದಿಲ್ಲ ಕಣ್ರೀ. ಬನ್ನಿ, ಒಂದ್ ಗಳಿಗೆ."

ಲೈನಿನ ಹಿಂದೆ ಕಡಿದುಬಿಟ್ಟ ಅತ್ತಿಮರದ ಬೊಡ್ಡೆ. ಅದಕ್ಕೆ ಅಟ್ಟಣೆಯಂತೆ ಅಂಟಿಕೊಂಡ ಅಗಲವಾದ ಗಟ್ಟಿ ಅಣಬೆಗಳು. ಬಗ್ಗಿ ನೋಡಿದರೆ ಅಡಿಭಾಗ ಸುಣ್ಣದಷ್ಟು ಬಿಳಿ. ಧರ್ಮಪ್ಪ ಕಡ್ಡಿಯಿಂದ ಒಂದು ಗೆರೆ ಎಳೆದರು. ನನ್ನ ಕಣ್ಣೆದುರೇ ಅದು ಕಂದುಬಣ್ಣಕ್ಕೆ ತಿರುಗಿತು. ಪಕ್ಕದಲ್ಲಿ ಹಳೆಯ ಅಣಬೆಯೊಂದರ ಮೇಲೆ ಸೊಟ್ಟ ಸೊಟ್ಟ ಅಕ್ಷರಗಳು — ಅ, ಆ, ಇ.

"ಸ್ಲೇಟ್ ಒಡೆದೋಗಿತ್ತು. ಅವ್ಳು ಅಕ್ಷರ ತಿದ್ದಿದ್ದೇ ಇದ್ರ ಮೇಲೆ. ಮಿಕ್ಕಿದ್ ರಾಜ್ಯ ಗೀಜ್ಯ ಎಲ್ಲ ಅವ್ಳ್ ತಲೇದು ಮಾರಾಯ್ರೆ, ನಂಗೂ ತಿಳಿಯಾಕಿಲ್ಲ," ಎಂದು ನಕ್ಕರು. ಆಮೇಲೆ ನಗು ನಿಲ್ಲಿಸಿ, "ಸ್ಕೂಲಲ್ಲಿ ಕಾಪಿ ಪವಿತ್ರ ಅಂತಾರಂತೆ. ನೀವು ಒಂದ್ ಮಾತ್ ಹೇಳ್ಬುಟ್ರೆ ಸಾಕು ಸಾರ್."

ನಾನು ಹೇಳಿದ್ದು ಒಂದೇ ಪದ. "ನೋಡೋಣ."

ನೋಡಲಿಲ್ಲ. ತಪ್ಪೊಪ್ಪಿಕೊಂಡರೆ ನನ್ನ ಮಾತಿನ ತೂಕ ಇಳಿಯುತ್ತದೆ, ಲೈನಿನ ಮಕ್ಕಳ ಕೆಲಸವೇ ಕೆಡುತ್ತದೆ — ಹೀಗೊಂದು ವಾದವನ್ನು ಹೂಡಿದೆ. ನನ್ನ ವಿರುದ್ಧ ನಾನೇ ಗೆದ್ದ ಏಕೈಕ ಚರ್ಚೆ ಅದು. ಅತ್ತ ಆ ಹುಡುಗಿ ಮತ್ತೆ ಯಾವ ಸ್ಪರ್ಧೆಗೂ ಹೆಸರು ಕೊಡಲಿಲ್ಲ.

ಈ ವರ್ಷ ಅದೇ ಸ್ಪರ್ಧೆಗೆ ಮುಖ್ಯ ಅತಿಥಿಯಾಗಲು ನನಗೆ ಕರೆ ಬಂತು. ಒಪ್ಪಿಕೊಂಡೆ; ಕಳೆದ ವಾರ ಪವಿತ್ರ ಅವರನ್ನು ಹುಡುಕಿಕೊಂಡು ಹೋದೆ. ಆನೇಮಹಲ್‌ನ ಹೆದ್ದಾರಿ ಬದಿಯ ಕಾಫಿಪುಡಿ ಅಂಗಡಿಯಲ್ಲಿ ಅವರಿಗೆ ಕೆಲಸ. ಕಂಡೊಡನೆ ಗುರುತು ಹಿಡಿದರು.

"ಏನ್ ಸಾರ್, ಇನ್ನೂ ಭಾಷಣ ಮಾಡ್ತಿದೀರಾ? ಚಿಕೋರಿ ಎಷ್ಟಿರ್ಲಿ?"

ನಾನು ಎಲ್ಲವನ್ನೂ ಹೇಳಿದೆ — ಮರದ ಬೊಡ್ಡೆ, ಆ ಅಕ್ಷರಗಳು, ನನ್ನ ಆ ಒಂದು ಪದ. ಅವರು ಪುಡಿಮಾಡುವ ಯಂತ್ರವನ್ನು ನಿಲ್ಲಿಸಿದರು.

"ನಿಮ್ಗೆ ಗೊತ್ತಾಗೈತೆ ಅಂತ ನಂಗೆ ಅವತ್ತೇ ಗೊತ್ತು ಸಾರ್. ಅಪ್ಪ ಹೇಳಿದ್ರು. ಪ್ರತಿ ಸೋಮವಾರ ಪ್ರೇಯರ್‌ನಲ್ಲಿ ನೀವು ಬರ್ತೀರೇನೋ ಅಂತ ಗೇಟ್ ನೋಡ್ತಿದ್ದೆ. ಒಂದ್ ವರ್ಷ ನೋಡ್ದೆ."

ನಾನು ಕ್ಷಮೆ ಎಂಬ ಪದವನ್ನು ಆರಂಭಿಸಿದ್ದೆ; ಅವರು ತಡೆದರು.

"ನಂಗ್ ಹೇಳಿ ಏನಾಗ್ಬೇಕು? ಕದ್ದಿಲ್ಲ ಅಂತ ನಂಗೊತ್ತಿತ್ತಲ್ಲ. ನೀವು ಅವತ್ತು ಹೇಳಿದ್ದು ಮೈಕಲ್ಲಿ."

ಯಂತ್ರ ಮತ್ತೆ ಶುರುವಾಯಿತು.

ಈ ಶನಿವಾರ ಬೆಳಿಗ್ಗೆ, ಆ ಶಾಲೆಯಿರುವ ಕೆ. ಹೊಸಕೋಟೆಯ ಬಸ್ಸು ಹತ್ತುತ್ತೇನೆ. ಮಕ್ಕಳಿಗೆಂದು ಸಿದ್ಧಪಡಿಸಿದ್ದ ಭಾಷಣವನ್ನು ಹರಿದುಹಾಕಿದ್ದೇನೆ. ಪವಿತ್ರ ಧರ್ಮಪ್ಪ ಎಂಬ ಹೆಸರನ್ನೂ, ಇಬ್ಬನಿಗೇರಿ ಅವರದೇ ರಾಜ್ಯವೆಂಬುದನ್ನೂ, ನಾನು ಸುಳ್ಳು ಹೇಳಿದೆನೆಂಬುದನ್ನೂ, ಗೊತ್ತಿದ್ದೂ ಸುಮ್ಮನಿದ್ದೆನೆಂಬುದನ್ನೂ ಅದೇ ವೇದಿಕೆಯಲ್ಲಿ ಹೇಳುತ್ತೇನೆ. ಅವರು ಬರುತ್ತಾರೋ ಇಲ್ಲವೋ ತಿಳಿಯದು. ಬನ್ನಿ ಎಂದು ಕೇಳುವ ಹಕ್ಕು ನನಗಿರಲಿಲ್ಲ. ಅವರು ಒಂದು ವರ್ಷ ನೋಡಿದ ಆ ಗೇಟಿನಿಂದಲೇ ಒಳಗೆ ಹೋಗುತ್ತೇನೆ. ಮೈಕು ಸರಿಯಾಗಿ ಕೇಳಿಸುತ್ತಿದೆಯೇ ಎಂದು ಮೊದಲು ವಿಚಾರಿಸುತ್ತೇನೆ — ಕೊನೆಯ ಸಾಲಿನವರೆಗೆ.