ಗೋಣಿಚೀಲದಲ್ಲಿ ಸಿಕ್ಕ ದನಿ

2004ರ ಬೇಸಿಗೆಯಲ್ಲಿ, ಮುಳಬಾಗಿಲಿನ ಒಂದು ಕ್ಯಾಸೆಟ್ ಅಂಗಡಿಯಲ್ಲಿ, ಆವನಿಯ ಗೌರಮ್ಮ ತಮ್ಮ ಹಳೆಯ ಕ್ಯಾಸೆಟ್ಟಿನಿಂದ ಮಾಡಿಸಿದ ಸಿ.ಡಿ.ಯನ್ನು ಕೇಳಿ ನೋಡಿ, ಬೇಡವೆಂದು ವಾಪಸು ಕೊಟ್ಟರು. ಅದರಲ್ಲಿದ್ದದ್ದು ಅವರ ತಂದೆ ಮನೆಯಲ್ಲಿ ಕುಳಿತು ಹಾಡಿದ ತತ್ವಪದಗಳು. ನನ್ನ ಕ್ಯಾಸೆಟ್ಟುಗಳನ್ನು ಹಿಡಿದು ನಾನೂ ಅಲ್ಲೇ ನಿಂತಿದ್ದೆ.

ಅಂಗಡಿಯ ನಾಗರಾಜನಿಗೆ ಅರ್ಥವಾಗಲಿಲ್ಲ. "ಮಧ್ಯ ಯಾರೋ ಹೆಂಗಸು ಮಾತಾಡ್ತಿದ್ರಮ್ಮ. ಅದನ್ನೆಲ್ಲ ಕಂಪ್ಯೂಟರಲ್ಲಿ ತೆಗೆದು ನೀಟಾಗಿ ಮಾಡಿದೀನಿ."

"ಆ ಹೆಂಗಸು ನಮ್ಮಮ್ಮ ಕಣಪ್ಪ. ಅಪ್ಪ ಹಾಡಿರೋ ಕ್ಯಾಸೆಟ್ಟು ಭಜನೆಯೋರ ಮನೇಲೆಲ್ಲ ಐತೆ. ತೀರಿಹೋದ ಅಮ್ಮನ ದನಿ ಇರೋದು ಇದೊಂದ್ರಲ್ಲೇ."

ಸಿ.ಡಿ. ಆದ ಮೇಲೆ ಕ್ಯಾಸೆಟ್ ಯಾಕೆ, ಬಿಸಾಕು ಎಂದಿದ್ದವರೂ ಗೌರಮ್ಮನವರೇ. ನಾಗರಾಜ ಗುಜರಿಗೆಂದು ಕಟ್ಟಿಟ್ಟಿದ್ದ ಗೋಣಿಚೀಲವನ್ನು ನೆಲಕ್ಕೆ ಸುರಿದ. ಮೂವರೂ ಕುಳಿತು ಹುಡುಕಿದೆವು. 'ಅಪ್ಪನ ಪದ' ಎಂದು ಬರೆದಿದ್ದ ಕ್ಯಾಸೆಟ್ ಕೊನೆಗೆ ನನ್ನ ಕೈಗೆ ಸಿಕ್ಕಿತು. ಸಡಿಲವಾಗಿದ್ದ ಟೇಪನ್ನು ಪೆನ್ಸಿಲಿನಿಂದ ಸುತ್ತಿ ಹಾಕಿದಾಗ, ಎರಡನೆಯ ಪದದ ನಡುವೆ ಆ ದನಿ ಬಂತು: "ಮುದ್ದೆ ಆರೋಗ್ತೈತೆ, ಎದ್ದು ಬರ್ತೀರೋ ಇಲ್ವೋ?" ತಂದೆ ಹಾಡು ನಿಲ್ಲಿಸಲಿಲ್ಲ. ಗೌರಮ್ಮ ಅದನ್ನು ಮತ್ತೆ ಮತ್ತೆ ಹಾಕಿಸಿ ಕೇಳಿದರು.

ಅಂದು ಅವರು, ಏನನ್ನೂ ತೆಗೆಯದೆ ನಾಗರಾಜ ಮಾಡಿಕೊಟ್ಟ ಹೊಸ ಸಿ.ಡಿ.ಯ ಜೊತೆಗೆ ಕ್ಯಾಸೆಟ್ಟನ್ನೂ ಸೆರಗಿನಲ್ಲಿ ಸುತ್ತಿಕೊಂಡು ಒಯ್ದರು. ಮರುವರ್ಷ ನಾನು ಹೋದಾಗ, ನಾಗರಾಜನ ಕಂಪ್ಯೂಟರಿನ ಪಕ್ಕದ ಗೋಡೆಗೆ ಕೈಬರಹದ ಚೀಟಿಯೊಂದನ್ನು ಅಂಟಿಸಲಾಗಿತ್ತು: 'ಹಾಡಿನ ಮಧ್ಯದ ಮಾತು ತೆಗೆಯಬೇಕಿದ್ದರೆ ಮೊದಲೇ ಹೇಳಿ.'