ಹಂಗೇರಿ ಭಾಷೆಯ ಬಳಗ

ಇದನ್ನು ಬರೆಯಬೇಕೆಂದು ಎಷ್ಟೋ ವಾರ ಕೂತಿದ್ದೇನೆ. ಪ್ರತಿಸಲ ತೊಗರಿ ರೇಟು, ಬಸ್ಸಿನ ರಶ್ಶು ಅಂತ ಬೇರೇನೋ ಬರೆದು ಈ ಅಂಕಣಕ್ಕೆ ಕಳಿಸಿದ್ದೇನೆ. ಈ ವಾರ ಅದೆಲ್ಲ ಬೇಡ.

ವಿಷಯ ಹಂಗೇರಿ ಭಾಷೆ. (ಬೀದರಿನ ಮೈಲೂರಿನಲ್ಲಿ ಕೂತ ಮುದುಕನಿಗೂ ಅದಕ್ಕೂ ಏನು ಸಂಬಂಧ ಅಂತೀರಾ? ಇದೆ.)

ನಾನು ಮೆಟ್ರಿಕ್ ಮುಗಿಸಿ ಭಾಲ್ಕಿಯಲ್ಲಿ ಪುಸ್ತಕದಂಗಡಿ ಇಟ್ಟಿದ್ದವನು. ಪೇಪರ್ ಓದುವ ಚಟ, ಮೈಕ್ ಸಿಕ್ಕರೆ ಬಿಡದ ಬಾಯಿ. ಊರಲ್ಲಿ ಕ್ವಿಜ್ ಇದ್ದರೆ ನಾನೇ ಕ್ವಿಜ್ ಮಾಸ್ತರ್. ಒಂದು ವರ್ಷ ಹೈಸ್ಕೂಲು ಮಕ್ಕಳ ಕ್ವಿಜ್‌ನ ಕೊನೆ ಸುತ್ತಿನಲ್ಲಿ ಕೇಳಿದೆ: ಹಂಗೇರಿ ಭಾಷೆ ಯಾವ ಭಾಷೆಯ ಸಂಬಂಧಿ? ನನ್ನ ಉತ್ತರ ಜರ್ಮನ್. ನಕಾಶೆ ನೋಡಿ ನಾನೇ ತೀರ್ಮಾನಿಸಿದ್ದೆ. ಪಕ್ಕದಲ್ಲೇ ಇದೆಯಲ್ಲ, ಮತ್ತೇನು ಬೇಕು?

ಔರಾದ ತಾಲೂಕಿನ ಸಂತಪುರದಿಂದ ಬಂದಿದ್ದ ಹುಡುಗಿ ಎದ್ದು ನಿಂತಳು. "ಫಿನ್ನಿಶ್ ರೀ ಸರ್."

"ಬಾಜೂ ಮನಿ ಬಿಟ್ಟು ಬರ್ಫ್ ಬೀಳೋ ದೇಶಕ್ಕ ಬೀಗತನಕ್ಕ ಹೊಂಟಿ ಏನ ತಂಗಿ? ಸ್ವೆಟರ್ ತಂದೀದಿ?" ಅಂದೆ.

ಸಭೆ ಬಿದ್ದುಬಿದ್ದು ನಕ್ಕಿತು. ಆಕೆ ಕೂರಲಿಲ್ಲ.

"ಬಾಜೂ ಮನಿಯವರೆಲ್ಲ ಬಳಗ ಆಗ್ತಾರೇನ್ರಿ? ನಮ್ ಬಾಜೂ ಮರಾಠಿ ಅದ. ಮರಾಠಿ ಕನ್ನಡದ ಬಳಗ ಏನ್ರಿ?"

"ಕ್ವಿಜ್ ಮಾಸ್ತರ್ ನೀನೋ ನಾನೋ? ಕುಂದ್ರು!"

ಮತ್ತೆ ನಗು. ಆ ಒಂದು ಪ್ರಶ್ನೆಯಿಂದ ಆಕೆ ಸೋತಳು. ಬೀದರಿನ ಜಿಲ್ಲಾ ಸ್ಪರ್ಧೆಗೆ ಬೇರೆಯವರು ಹೋದರು.

ಆ ವಾರವೇ ಅಂಗಡಿಯಲ್ಲಿದ್ದ ಪುಸ್ತಕ ತೆರೆದು ನೋಡಿದೆ. ಆಕೆ ಹೇಳಿದ್ದೇ ಸರಿ. ಹಂಗೇರಿ ಭಾಷೆಯ ಸುತ್ತ ಜರ್ಮನ್, ರೊಮೇನಿಯನ್, ಸ್ಲಾವ್ ಭಾಷೆಗಳಿವೆ; ಒಂದೂ ಅದರ ಕುಲದ್ದಲ್ಲ. ಕಡ ತಂದ ಶಬ್ದಗಳು ರಾಶಿ ಇವೆ, ಅಷ್ಟೆ. ಬಳಗ ಇರುವುದು ದೂರದ ಫಿನ್ಲೆಂಡ್, ಎಸ್ಟೋನಿಯಾದಲ್ಲಿ. ಇನ್ನೂ ಹತ್ತಿರದ ನಂಟರು ಸೈಬೀರಿಯಾದ ಸಣ್ಣ ಸಣ್ಣ ಸಮುದಾಯಗಳು. ರಕ್ತಕ್ಕೆ ಹಂಗೇರಿಯವರು 'ವೇರ್' ಅಂದರೆ ಫಿನ್ಲೆಂಡಿನವರು 'ವೆರಿ' ಅಂತಾರೆ. ಇಂಥ ಮನೆಮಾತಿನ ಶಬ್ದಗಳೇ ಸಾಕ್ಷಿ.

ಬೇರೆ ಕಡೆಯವರಿಗೆ ಇದು ಹೊಳೆಯದಿದ್ದರೆ ಒಪ್ಪೋಣ. ನಮಗೆ? ನಮ್ಮ ಓಣಿಯಲ್ಲೇ ಕನ್ನಡ, ಮರಾಠಿ, ಉರ್ದು, ತೆಲುಗು. ಉರ್ದುವಿನಿಂದ ಕಡ ತಂದ 'ಬಾಜೂ', 'ಜರಾ' ಇಲ್ಲದೆ ನಮ್ಮ ಮಾತೇ ಹೊರಡದು. ಆದರೂ ಕನ್ನಡಕ್ಕೆ ಉರ್ದು ನೆರೆಮನೆ, ತೆಲುಗು ಬಳಗ. ಶಾಲೆಯ ಹುಡುಗಿ ಬಿಡಿಸಿ ಹೇಳಿದರೂ ನನಗೆ ತಿಳಿಯಲಿಲ್ಲ. ತಿಳಿದ ಮೇಲೆ ಯಾರಿಗೂ ಹೇಳಲಿಲ್ಲ. ಎರಡನೆಯದೇ ದೊಡ್ಡ ತಪ್ಪು.

ಕಳೆದ ವಾರ ಔರಾದಿನ ಶಾಲೆಯೊಂದಕ್ಕೆ ಅತಿಥಿಯಾಗಿ ಹೋಗಿದ್ದೆ. ನನ್ನನ್ನು ಸಭೆಗೆ ಪರಿಚಯಿಸಿದ ಟೀಚರ್ ಅದೇ ಹುಡುಗಿ! ತಮ್ಮ ಊರು ಸಂತಪುರ ಅಂದಾಗ ಗುರುತು ಹತ್ತಿತು. ಒಳ್ಳೆಯ ಮಾತೇ ಆಡಿದರು. ಚಹಾ ಕುಡಿಯುವಾಗ ಕೇಳಿದೆ, "ಹಂಗೇರಿ ನೆನಪದ ಏನವ್ವ?"

"ಹ್ಯಾಂಗ ಮರೀಲಿ ರೀ ಸರ್? ಸಾಲ್ಯಾಗ ಎಲ್ಲಾರೂ 'ಸ್ವೆಟರ್' ಅಂತಿದ್ರು. ಕಾಲೇಜ್ ಮುಗಿಯೋತನಕ ಕ್ಲಾಸಿನಾಗ ಕೈ ಎತ್ತಲಿಲ್ರಿ."

ಹೇಳಿ ನಕ್ಕರು. ನಾನೇನು ಹೇಳಿದೆ ಗೊತ್ತೆ? "ಬೀದರ್ ಬಸ್ ಎಷ್ಟಕ್ಕ ಅದ?"

ಅವಮಾನ ಮಾಡಿದ್ದು ತುಂಬಿದ ಸಭೆಯಲ್ಲಿ. ಕ್ಷಮೆಯನ್ನು ಚಹಾದ ಕಪ್ಪಿನ ಮರೆಯಲ್ಲಿ ಪಿಸುಗುಟ್ಟಿದರೆ ಆಯಿತೇ? (ಅದನ್ನೂ ಮಾಡಲಿಲ್ಲ ಅನ್ನಿ.) ಅದಕ್ಕೇ ಭಾಲ್ಕಿಯವರೂ ಔರಾದಿನವರೂ ಓದುವ ಈ ಜಾಗದಲ್ಲಿ ಬರೆಯುತ್ತಿದ್ದೇನೆ.

ಉತ್ತರ ಸರಿ ಇತ್ತು, ಸುಜಾತಾ ಟೀಚರ್. ತಪ್ಪಾಯ್ತರಿ.